ಅದು ಗಿಟಾರ್ ಅಲ್ಲ, ರಬಾಬ್

ಅಫ್ಘಾನಿಸ್ತಾನದ ತಂತಿವಾದ್ಯ ರಬಾಬ್ ನುಡಿಸುವ ಹುಮಾಯೂನ್ ಸಖಿ ಅವರ ವಿಡಿಯೊವೊಂದನ್ನು ಯಾರೋ ಹಂಚಿದ್ದಾರೆ. ತಲೆಬರಹ: 'ಗಿಟಾರ್ ಹಿಡಿದ ಅಫ್ಘನ್ ಶಾಂತಿದೂತ'. ನೋಡಿ ಮೈಯೆಲ್ಲ ಉರಿದುಹೋಯಿತು. ರಬಾಬ್ ವಿಷಯದಲ್ಲಿ ನಾನು ಸುಮ್ಮನಿರುವುದಿಲ್ಲ ಅಂತ ನಿಮಗೆ ಗೊತ್ತೇ ಇದೆ.

ಹಿಪ್ಪುನೇರಳೆ ಮರದ ಒಂದೇ ದಿಮ್ಮಿ ಕೊರೆದು ಮಾಡಿದ ಒಡಲು, ಅದರ ಕೆಳಭಾಗಕ್ಕೆ ಬಿಗಿದ ಆಡಿನ ತೊಗಲು, ತೊಗಲಿನ ಮೇಲೆ ತಂತಿಗಳನ್ನು ಎತ್ತಿ ಹಿಡಿಯುವ ಕುದುರೆ (ಬ್ರಿಡ್ಜ್). ನುಡಿಸುವ ಮುಖ್ಯ ತಂತಿ ಮೂರು. ಮೊದಲು ಕರುಳಿನವು, ಈಗ ನೈಲಾನ್. ಜೊತೆಗೆ ಶ್ರುತಿಗೆ ಎರಡು ಮೂರು, ಆಮೇಲೆ ಹತ್ತು ಹದಿನೈದು ಉಕ್ಕಿನ ತರಫ್ ತಂತಿಗಳು, ಅಂದರೆ ಮುಖ್ಯ ತಂತಿ ಮೀಟಿದಾಗ ತಾವೇ ಮಿಡಿಯುವಂಥವು. ರಾಗ ಬದಲಾದರೆ ತರಫ್ ಅನ್ನೂ ಹೊಸದಾಗಿ ಶ್ರುತಿ ಮಾಡಬೇಕು. ಗಾಳಿಯಲ್ಲಿ ತೇವ ಹೆಚ್ಚಾದರೆ ತೊಗಲು ಸಡಿಲಾಗಿ ಕುದುರೆ ಕುಸಿಯುತ್ತದೆ, ಶ್ರುತಿ ಇಳಿಯುತ್ತದೆ, ನಾದ ಮಂಕಾಗುತ್ತದೆ. ತೀರಾ ಒಣಗಿದರೆ ಮರ ಬಿರುಕು ಬಿಡುವ ಭಯ. ಊರು ಬಿಟ್ಟವರು ಸಂಸ್ಕೃತಿ ಉಳಿಸುವುದೆಂದರೆ ಈ ಎಲ್ಲ ಗೋಳನ್ನು ದಿನವೂ ಸಂಭಾಳಿಸುವುದು. ಇದರ ಒಂದು ಸಾಲೂ ಆ ಪೋಸ್ಟಿನಲ್ಲಿ ಇಲ್ಲ.

ಸಖಿ ಹುಟ್ಟಿದ್ದು 1976ರಲ್ಲಿ, ಕಾಬೂಲಿನಲ್ಲಿ. ಕಲಿಸಿದವರು ತಂದೆ ಗುಲಾಂ ಸಖಿ. ಆ ತಂದೆಯ ಗುರು ಉಸ್ತಾದ್ ಮೊಹಮ್ಮದ್ ಓಮರ್. 1992ರಲ್ಲಿ ಮನೆಮಂದಿಯೆಲ್ಲ ಪೇಶಾವರಕ್ಕೆ ಹೋದರು. ಆಮೇಲೆ ಸಖಿ ಕ್ಯಾಲಿಫೋರ್ನಿಯಾದ ಫ್ರೀಮಾಂಟ್ ಸೇರಿ, ಅಲ್ಲಿನ ಅಫ್ಘನ್ ಮಕ್ಕಳಿಗೆ ಪಾಠ ಹೇಳಿದರು. ಆ ಪಾಠದ ಮಾತು ಯಾರೂ ಎತ್ತುವುದಿಲ್ಲ, 'ಶಾಂತಿದೂತ' ಅಂತ ಬರೆದು ಮುಗಿಸುತ್ತಾರೆ!

'ಎಲ್ಲ ರೆಕಾರ್ಡ್ ಆಗಿದೆಯಲ್ಲ, ಕೇಳಿ ಕಲಿಯಬಹುದು' ಅನ್ನುವವರಿದ್ದಾರೆ. ರಬಾಬ್ ನುಡಿಸುವ ಪರಂದ್‌ಕಾರಿ ಎಂಬ ತಂತ್ರವನ್ನು ಕೇಳಿ ಕಲಿತು ತೋರಿಸಲಿ. ತೀರಾ ಗಿಡ್ಡನೆಯ ತರಫ್ ತಂತಿಯನ್ನು ಕುದುರೆಯ ಮೇಲೆ ತುಸು ಎತ್ತರಿಸಿರುತ್ತಾರೆ; ರಾಗದ ಸ್ವರಗಳ ನಡುನಡುವೆ ಅದನ್ನು ಪ್ರತ್ಯೇಕವಾಗಿ ಮೀಟಬೇಕು. ಮಣಿಕಟ್ಟು ಬಿಗಿಯಾದರೆ ಲಯ ಎಡವುತ್ತದೆ. ಏಟು ಜೋರಾದರೆ ಆ ತಂತಿಯೇ ರಾಗವನ್ನು ನುಂಗುತ್ತದೆ. ಯಾವುದು ತಪ್ಪಿತು ಅಂತ ರೆಕಾರ್ಡಿಂಗ್ ಹೇಳುವುದಿಲ್ಲ, ಎದುರಿಗೆ ಕೂತ ಗುರು ಹೇಳಬೇಕು.

ನಮಗಂತೂ ಇದು ದೂರದ ವಾದ್ಯವಲ್ಲ. ಸರೋದ್ ಹುಟ್ಟಿದ್ದು ಇದೇ ರಬಾಬಿನಿಂದ. ರಾಜೀವ ತಾರಾನಾಥರ ಸರೋದನ್ನು ಯಾರಾದರೂ ಗಿಟಾರ್ ಅಂದಿದ್ದರೆ ಮೈಸೂರು, ಧಾರವಾಡದವರು ಸುಮ್ಮನಿರುತ್ತಿದ್ದರೇ?

ಶಾಂತಿಯ ಮಾತಿಗೂ ಬರುತ್ತೇನೆ. ಅಫ್ಘನ್ನರ ಎರಡು ಭಾಷೆಗಳಾದ ಪಶ್ತೋ, ದರಿ ಎರಡರ ಹಾಡಿಗೂ ಇದೇ ರಬಾಬ್ ಜೊತೆಯಾಗುತ್ತದೆ. ಜನಾಂಗದ ಹೆಸರಲ್ಲಿ ಬಡಿದಾಡಿದ ನಾಡಿನಲ್ಲಿ ಎಲ್ಲರೂ 'ನಮ್ಮದು' ಅನ್ನುವ ವಾದ್ಯ ಇದು. ಸಖಿಯವರ ಶಾಂತಿಯ ಕೆಲಸ ಇರುವುದು ಇಲ್ಲೇ, ವಾದ್ಯದ ಹೆಸರು ಅಳಿಸಿದರೆ ಅದೂ ಅಳಿಸಿಹೋಗುತ್ತದೆ. 2023ರ ಜುಲೈಯಲ್ಲಿ ಹೆರಾತಿನಲ್ಲಿ ತಾಲಿಬಾನ್ ವಾದ್ಯಗಳನ್ನು ರಾಶಿ ಹಾಕಿ ಸುಟ್ಟಿತು. 2024ರ ಡಿಸೆಂಬರಿನಲ್ಲಿ ಯುನೆಸ್ಕೊ ರಬಾಬ್ ಮಾಡುವ, ನುಡಿಸುವ ಕಲೆಯನ್ನು ಪರಂಪರೆಯ ಪಟ್ಟಿಗೆ ಸೇರಿಸಿತು. ನಾಲ್ಕು ದೇಶಗಳ ಹೆಸರಿನಲ್ಲಿ ಅಫ್ಘಾನಿಸ್ತಾನವೂ ಇದೆ. ಆದರೆ ತಾಲಿಬಾನ್ ಆಳುವ ಆ ನಾಡಿನಲ್ಲೇ ಅದನ್ನು ಬಹಿರಂಗವಾಗಿ ನುಡಿಸುವಂತಿಲ್ಲ. ಹಂಚುವವರು ವಾದ್ಯದ ಹೆಸರು, ಗುರುವಿನ ಹೆಸರು, ರಾಗದ ಹೆಸರು ಬರೆದು ಹಂಚಿ.