ಆಟಕ್ಕುಂಟು, ಲೆಕ್ಕಕ್ಕಿಲ್ಲ

ಮೈಸೂರಿನ ಮನೆಯಲ್ಲಿ ದಸರಾ ಗೊಂಬೆ ಇಳಿಸಲು ಅಟ್ಟ ಹತ್ತುವವನು ಪ್ರತಿ ವರ್ಷ ನಾನೇ. ಈ ಸಲ ಪಟ್ಟದ ಗೊಂಬೆಗಳ ಟ್ರಂಕಿನ ಹಿಂದೆ ಒಂದು ಬಿಸ್ಕತ್ತಿನ ಡಬ್ಬ ಸಿಕ್ಕಿತು. ಒಳಗೆ ಒಂದು ಕಂಟ್ರೋಲರ್, ಮೂರು ಡಿಸ್ಕು, ಬೆಂಕಿಪೊಟ್ಟಣದ ಗಾತ್ರದ ಒಂದು ಕಪ್ಪು ಮೆಮರಿ ಕಾರ್ಡು. ಕಾರ್ಡಿನ ಮೇಲೆ ತಮ್ಮನ ಕೈಬರಹದ ಚೀಟಿ: 'ಅಳಿಸಬೇಡಿ'.

ಏಣಿ ಹಿಡಿದು ಕೆಳಗೆ ನಿಂತಿದ್ದ ಮಗ ಏಣಿ ಬಿಟ್ಟು ಡಬ್ಬ ಹಿಡಿದುಕೊಂಡ. ಅವನಿಗೆ ಹನ್ನೊಂದು ವರ್ಷ. ರಜೆಗೆ ಅಜ್ಜಿ ಮನೆಗೆ ಬರುವಾಗ ಬಟ್ಟೆ ಮರೆಯುತ್ತಾನೆ, ಟಿವಿಗೆ ಸಿಕ್ಕಿಸಿ ವಿಡಿಯೊ ಗೇಮ್ ಆಡುವ ಪ್ಲೇಸ್ಟೇಷನ್ 5 ಮರೆಯುವುದಿಲ್ಲ. ನಾಲ್ಕೂವರೆ ಕೆ.ಜಿ.ಯ ಆ ಬಿಳಿ ಯಂತ್ರವನ್ನು ಬೆಂಗಳೂರಿನಿಂದ ಇಲ್ಲಿಯವರೆಗೆ ರೈಲಿನಲ್ಲಿ ತೊಡೆಯ ಮೇಲೇ ಇಟ್ಟುಕೊಂಡು ಬಂದಿದ್ದ. ಪಕ್ಕದ ಸೀಟಿನ ಹೆಂಗಸು ಒಳಗೆ ದೇವರ ಫೋಟೋ ಇದೆ ಅಂದುಕೊಂಡು ಕಾಲು ಮಡಚಿ ಕೂತರು.

"ಅಪ್ಪಾ, ಇದೂ ಪ್ಲೇಸ್ಟೇಷನ್ನೇ, ಅದೂ ಪ್ಲೇಸ್ಟೇಷನ್ನೇ. ಹಾಕಿ ನೋಡೋಣ್ವಾ?"

ಮೂರರಲ್ಲಿ ಒಂದು ಡಿಸ್ಕು 'ಕ್ರಿಕೆಟ್ 07'. ಇಎ ಸ್ಪೋರ್ಟ್ಸ್‌ನವರು 2006ರ ಕೊನೆಗೆ ಪ್ಲೇಸ್ಟೇಷನ್ 2ಕ್ಕೂ (ಅಂದರೆ ಪಿಎಸ್2ಕ್ಕೂ) ಕಂಪ್ಯೂಟರಿಗೂ ತಂದ ಆಟ. ಹಾಕಿದೆವು. ಯಂತ್ರ ಅದನ್ನು ಮೆತ್ತಗೆ ಒಳಗೆಳೆದುಕೊಂಡಿತು, ಗಿರ್ರೆಂದು ಎರಡು ಸುತ್ತು ತಿರುಗಿಸಿತು. ಆಮೇಲೆ ಈ ಡಿಸ್ಕು ಯಾವುದು ಅಂತ ತಿಳಿಯುತ್ತಿಲ್ಲ ಅಂದಿತು. ಮದುವೆ ಮನೆಯಲ್ಲಿ ದೂರದ ಅಜ್ಜಿಯೊಬ್ಬರು ಬಂದು ಕೆನ್ನೆ ಹಿಡಿದು 'ನಾನ್ಯಾರು ಹೇಳು' ಅಂದಾಗ ಮಕ್ಕಳು ಅಮ್ಮನ ಕಡೆ ತಿರುಗುತ್ತಾರಲ್ಲ, ಹಾಗೆ ಮಗ ನನ್ನ ಕಡೆ ತಿರುಗಿದ.

ಈ ವಂಶಾವಳಿಯನ್ನು ಅವನಿಗೆ ಹೇಳಲೇಬೇಕಾಯಿತು. ಪಿಎಸ್5 ತನ್ನ ಅಪ್ಪನನ್ನು, ಅಂದರೆ ಪಿಎಸ್4ನ್ನು, ಚೆನ್ನಾಗಿ ಬಲ್ಲದು. ಆ ಕಾಲದ ಹೆಚ್ಚುಕಮ್ಮಿ ಎಲ್ಲ ಆಟಗಳೂ ಇದರಲ್ಲಿ ನಡೆಯುತ್ತವೆ, ಕೆಲವು ಮೊದಲಿಗಿಂತ ಚೆನ್ನಾಗಿಯೇ. ಆದರೆ ತಾತನ ಡಿಸ್ಕು, ಮುತ್ತಾತನ ಡಿಸ್ಕು ಹಾಕಿದರೆ ಗುರುತಿಲ್ಲ.

ಮೊದಲು ಹೀಗಿರಲಿಲ್ಲ. 2000ದಲ್ಲಿ ಪಿಎಸ್2 ಬಂದಾಗ ಅದರ ಹೊಟ್ಟೆಯೊಳಗೆ ಹಳೇ ಪ್ಲೇಸ್ಟೇಷನ್ನಿನ ಪ್ರೊಸೆಸರನ್ನೇ ಇಟ್ಟಿದ್ದರು. ಸುಮ್ನೆ ಇಟ್ಟಿರಲಿಲ್ಲ, ಕೆಲಸವನ್ನೂ ಕೊಟ್ಟಿದ್ದರು. ಕಂಟ್ರೋಲರ್ ಏನು ಹೇಳುತ್ತಿದೆ, ಮೆಮರಿ ಕಾರ್ಡಿನಲ್ಲಿ ಏನಿದೆ ಎಂದು ನೋಡಿ ದೊಡ್ಡ ಚಿಪ್ಪಿಗೆ ಮುಟ್ಟಿಸುವ ಓಡಾಟದ ಕೆಲಸ. ರಿಟೈರ್ ಆದ ತಾತ ಬೆಳಿಗ್ಗೆ ಹಾಲು ತರುತ್ತಾರಲ್ಲ, ಕರೆಂಟ್ ಬಿಲ್ ಕಟ್ಟಿ ಬರುತ್ತಾರಲ್ಲ, ಹಾಗೆ. ಹಳೇ ಡಿಸ್ಕು ಹಾಕಿದ ತಕ್ಷಣ ಆ ತಾತ ಎದ್ದು ಯಜಮಾನನ ಕುರ್ಚಿಯಲ್ಲಿ ಕೂರುತ್ತಿದ್ದ. ಈ ಏರ್ಪಾಟನ್ನು ಯೋಚಿಸಿದ ಎಂಜಿನಿಯರ್ ಯಾರೋ ಗೊತ್ತಿಲ್ಲ, ಕೂಡುಕುಟುಂಬದಲ್ಲಿ ಬೆಳೆದವನೇ ಇರಬೇಕು.

2006ರಲ್ಲಿ ಬಂದ ಪಿಎಸ್3ರ ಮೊದಲ ಮಾದರಿಗಳಲ್ಲೂ ಪಿಎಸ್2ರ ಚಿಪ್ಪುಗಳಿದ್ದವು. ಆದರೆ ಅದು ದುಬಾರಿ ಯಂತ್ರ. ಖರ್ಚು ಕಡಿಮೆ ಮಾಡಲು ಮೊದಲು ಒಂದು ಚಿಪ್ಪು ತೆಗೆದರು, ಒಂದೆರಡು ವರ್ಷದೊಳಗೆ ಹೊಸ ಮಾದರಿಗಳಲ್ಲಿ ಪಿಎಸ್2 ಡಿಸ್ಕು ಓಡುವುದೇ ನಿಂತಿತು. ಪಿಎಸ್3ಗೆ 'ಸೆಲ್' ಎಂಬ ವಿಚಿತ್ರ ಪ್ರೊಸೆಸರ್ ಬೇರೆ. ಅದರ ಭಾಷೆ ಅದಕ್ಕೇ ಸರಿ. 2013ರ ಪಿಎಸ್4 ಆ ದಾರಿ ಬಿಟ್ಟು ನಮ್ಮ ಕಂಪ್ಯೂಟರುಗಳ ದಾರಿ ಹಿಡಿಯಿತು. ಮನೆಭಾಷೆ ಕೈಬಿಟ್ಟು ಹೋಗುವುದು ಹೀಗೇ ಅಲ್ವಾ? ಯಾರೂ ಜಗಳ ಆಡಿರುವುದಿಲ್ಲ, ಮಕ್ಕಳ ಶಾಲೆ ಬದಲಾಗಿರುತ್ತದೆ ಅಷ್ಟೇ.

"ಆದ್ರೆ ಇದು ಎಷ್ಟು ಫಾಸ್ಟ್ ಇದೆ ಅಪ್ಪಾ!" ಅಂದ ಮಗ. ನಿಜ. ಪಿಎಸ್2ರ ಪ್ರೊಸೆಸರ್ ಓಡುತ್ತಿದ್ದದ್ದು ಸುಮಾರು 295 ಮೆಗಾಹರ್ಟ್ಸ್‌ನಲ್ಲಿ. ಇದರದ್ದು 3.5 ಗಿಗಾಹರ್ಟ್ಸ್, ಅದೂ ಎಂಟು ಕೋರ್. ಆದರೆ ಇಲ್ಲದ ಚಿಪ್ಪುಗಳ ವೇಷ ಹಾಕಲು ವೇಗ ಒಂದೇ ಸಾಲದು. ಆ ಹಳೇ ಪೆಟ್ಟಿಗೆಯಲ್ಲಿ ಚಿತ್ರಕ್ಕೊಂದು, ಶಬ್ದಕ್ಕೊಂದು, ಲೆಕ್ಕಕ್ಕೊಂದು ಚಿಪ್ಪು ತಮ್ಮತಮ್ಮ ತಾಳದಲ್ಲಿ ಒಟ್ಟಿಗೇ ನಡೆಯುತ್ತಿದ್ದವು. ಆಟ ಬರೆದವರು ಆ ತಾಳವನ್ನು ನಂಬಿಯೇ ಬರೆದಿದ್ದರು. ಈಗ ಆ ಎಲ್ಲರ ಕೆಲಸವನ್ನೂ ಒಂದು ಸಾಫ್ಟ್‌ವೇರ್ ಮಾಡಬೇಕು. ಮೃದಂಗ, ಘಟ, ಖಂಜಿರ ಮೂರನ್ನೂ ಒಬ್ಬನೇ ನುಡಿಸಿ, ಮೂವರು ನುಡಿಸಿದಂತೆಯೇ ಕೇಳಿಸಬೇಕು. ಎಲ್ಲಾದರೂ ಅರ್ಧ ಅಕ್ಷರ ತಪ್ಪಿದರೆ ಬಾಲು ಬ್ಯಾಟಿನೊಳಗಿಂದ ತೂರಿ ಹೋಗುತ್ತದೆ.

"ಹಾಗಾದ್ರೆ ಆ ಹಳೇ ಮೆಷಿನ್ನೇ ಎಲ್ಲಿ?"

ಅಡುಗೆಮನೆಯಿಂದ ಅಮ್ಮ ಹೇಳಿದಳು. "ಆ ಕಪ್ಪು ಡಬ್ಬನಾ? ಗೊಂಬೆ ಹಲಗೆ ಕೆಳಗಿದೆ ನೋಡು. ಅಲ್ಲಾಡ್ತಿತ್ತು ಕಣೋ, ಒತ್ತು ಕೊಟ್ಟಿದೀನಿ."

ಬಗ್ಗಿ ನೋಡಿದೆ. ಹೌದು. ಹಳೇ ಸೀರೆಯ ತುಂಡಿನಲ್ಲಿ ಸುತ್ತಿ, ಕೆಳಗಿನ ಮೆಟ್ಟಿಲಿನ ಎಡಗಾಲಿಗೆ ಇಟ್ಟಿದ್ದಳು. ತೆಳು ಮಾದರಿಯ ಪಿಎಸ್2, ಒಂದು ದಪ್ಪ ನೋಟ್‌ಬುಕ್ಕಿನ ಗಾತ್ರ. ಅಳತೆ ಸರಿಯಾಗಿ ಹೊಂದಿತ್ತು. ವರ್ಷವರ್ಷ ಗೊಂಬೆಗಳ ಜೊತೆಗೇ ಟ್ರಂಕು ಸೇರುತ್ತಿತ್ತಂತೆ. ಇಷ್ಟು ವರ್ಷ ಹೊತ್ತು ಇಳಿಸಿದವನೂ ನಾನೇ, ಹತ್ತಿಸಿದವನೂ ನಾನೇ.

"ಈಗ ಮುಟ್ಬೇಡಿ. ಗೊಂಬೆ ಎತ್ತಿದ ಮೇಲೆ ತಗೊಳ್ಳಿ."

ಒಂಬತ್ತು ದಿನ ಕಾಯಬೇಕಿತ್ತು. ಅಲ್ಲಿಯವರೆಗೆ ಇರಲಿ ಅಂತ ಮಗ ಪಿಎಸ್5ರ ಚಂದಾದಾರರಿಗೆ ಸಿಗುವ ಹಳೇ ಆಟಗಳ ಪಟ್ಟಿ ತೆರೆದ. ನಮ್ಮ ದೇಶದಲ್ಲಿ ಅದರ ಮೇಲ್ದರ್ಜೆಯ ಹೆಸರು 'ಡಿಲಕ್ಸ್', ಹೋಟೆಲ್ ರೂಮಿನ ಥರ. ಅದರಲ್ಲಿ 'ಟೆಕ್ಕನ್ 2' ಸಿಕ್ಕಿತು. 1996ರಲ್ಲಿ ಮೊದಲ ಪ್ಲೇಸ್ಟೇಷನ್ನಿಗೆ ಬಂದ ಹೊಡೆದಾಟ. ಗಂಟೆಗಿಷ್ಟು ಅಂತ ದುಡ್ಡು ಕೊಟ್ಟು, ವಿಡಿಯೊ ಗೇಮ್ ಪಾರ್ಲರಿನ ಮರದ ಸ್ಟೂಲಿನ ಮೇಲೆ ಕೂತು ಆಡಿದ ಆಟ. ಗಂಟೆ ಮುಗಿಯುತ್ತಿದ್ದಂತೆ ಪಾರ್ಲರಿನವನು ಹಿಂದೆ ಬಂದು ನಿಲ್ಲುತ್ತಿದ್ದ. ಆ ಉಸಿರು ಕುತ್ತಿಗೆಗೆ ತಾಗುವುದರೊಳಗೆ ಎದುರಾಳಿಯನ್ನು ಮುಗಿಸಬೇಕು.

ದೊಡ್ಡ ಟಿವಿಯಲ್ಲಿ ನೋಡಿದರೆ ಎಲ್ಲರ ಮುಷ್ಟಿಯೂ ಮೈಸೂರುಪಾಕಿನ ತುಂಡಿನ ಹಾಗಿತ್ತು. ಹಳೇ ದಪ್ಪ ಟಿವಿ ಚುಕ್ಕೆಗಳನ್ನೆಲ್ಲ ಕಲಸಿ ನುಣ್ಣಗೆ ಮಾಡಿ ತೋರಿಸುತ್ತಿತ್ತು. ಇದು ಒಂದೊಂದನ್ನೂ ಎಣಿಸಿ ತೋರಿಸುತ್ತದೆ. ಅದಕ್ಕೂ ಮದ್ದಿದೆ: ಸೆಟಿಂಗ್ಸಿಗೆ ಹೋಗಿ ಒಂದು ಫಿಲ್ಟರ್ ಹಾಕಿದರೆ ಹಳೇ ಟಿವಿಯ ಹಾಗೆ ಅಡ್ಡಗೆರೆ ಬರುತ್ತದೆ. ಸಾಲ ಮಾಡಿ ತಂದ ಟಿವಿಯನ್ನು ಕಷ್ಟಪಟ್ಟು ಮಸುಕು ಮಾಡಿಕೊಂಡು ನೋಡುವುದು! ಅಂಗಡಿಯಲ್ಲೇ ಹರಿದು ಮಾರುವ ಜೀನ್ಸಿಗೆ ದುಡ್ಡು ಕೊಡುವವರನ್ನು ನಾನು ಇನ್ನು ಆಡಿಕೊಳ್ಳುವ ಹಾಗಿಲ್ಲ.

ಇನ್ನೊಂದು ಸವಲತ್ತು ಹಿಂದಕ್ಕೆ ಓಡಿಸುವುದು. ಸೋಲುತ್ತಿದ್ದೀರಾ? ಒಂದು ಬಟನ್ ಒತ್ತಿ ಆಟವನ್ನು ಹಿಂದಕ್ಕೆಳೆದು, ಒದೆ ಬೀಳುವ ಮೊದಲಿನ ಜಾಗಕ್ಕೆ ಹೋಗಿ ನಿಂತುಕೊಳ್ಳಬಹುದು. ಮಗ ನಾಲ್ಕು ಸಲ ಹೀಗೆ ಮಾಡಿ ಗೆದ್ದ, ಆಮೇಲೆ ಕಂಟ್ರೋಲರ್ ಕೆಳಗಿಟ್ಟ. ಬೀದಿಯಲ್ಲಿ ಆಡುವಾಗ ಚಿಕ್ಕ ಮಕ್ಕಳನ್ನು 'ಆಟಕ್ಕುಂಟು, ಲೆಕ್ಕಕ್ಕಿಲ್ಲ' ಅಂತ ಸೇರಿಸಿಕೊಳ್ಳುತ್ತಿದ್ದೆವು. ಅವರು ಔಟಾದರೂ ಔಟಲ್ಲ. ಆ ಮಕ್ಕಳಿಗೂ ಅದು ಗೊತ್ತಾಗುತ್ತಿತ್ತು, ಸ್ವಲ್ಪ ಹೊತ್ತಿಗೆ ಮನೆಗೆ ಹೋಗಿಬಿಡುತ್ತಿದ್ದವು.

ಲೆಕ್ಕದ ಮಾತು ಬಂದಿದ್ದಕ್ಕೆ ಹೇಳುತ್ತೇನೆ. ಹಳೇ ಆಟ ಹೊಸ ಯಂತ್ರದಲ್ಲಿ ಓಡುತ್ತದೋ ಇಲ್ಲವೋ ಅಂತ ಎಲ್ಲರೂ ಕೇಳುತ್ತಾರೆ. ನಾನು ಎಲ್ಲಿಯವರೆಗೆ ಆಡಿದ್ದೆ ಅನ್ನುವುದು ಬರುತ್ತದೋ ಅಂತ ಕೇಳುವವರು ಕಡಿಮೆ. ಮೊದಲ ಪ್ಲೇಸ್ಟೇಷನ್ನಿನ ಮೆಮರಿ ಕಾರ್ಡಿನಲ್ಲಿ ಇದ್ದದ್ದು 128 ಕಿಲೋಬೈಟ್. ಈಗ ವಾಟ್ಸಾಪಿನಲ್ಲಿ ಬರುವ ಒಂದು ಗುಡ್ ಮಾರ್ನಿಂಗ್ ಚಿತ್ರ ಹಿಡಿಸಿದರೆ ಹೆಚ್ಚು. ಅಷ್ಟರಲ್ಲೇ ನಮ್ಮ ಬೇಸಿಗೆ ರಜೆಗಳು ಇರುತ್ತಿದ್ದವು. ಪಿಎಸ್2 ಆ ಕಾರ್ಡನ್ನೂ ತನ್ನ ಕಿಂಡಿಯಲ್ಲಿ ಕೂರಿಸಿಕೊಳ್ಳುತ್ತಿತ್ತು. ಪಿಎಸ್3ಗೆ ಬರುವ ಹೊತ್ತಿಗೆ ಕಿಂಡಿ ಹೋಯಿತು, ಬೇರೆ ದುಡ್ಡು ಕೊಟ್ಟು ಒಂದು ಅಡಾಪ್ಟರ್ ತರಬೇಕಿತ್ತು. ನನಗೆ ಗೌರವ ಇರುವುದು ನಿಂಟೆಂಡೊ ಕಂಪನಿಯವರ 'ವೀ' ಎಂಬ ಗೇಮ್ ಯಂತ್ರದ ಮೊದಲ ಮಾದರಿ ಬಗ್ಗೆ. ಅದರ ನೆತ್ತಿಯ ಮುಚ್ಚಳ ಎತ್ತಿದರೆ ಹಿಂದಿನ ಗೇಮ್‌ಕ್ಯೂಬಿನ ನಾಲ್ಕು ಕಂಟ್ರೋಲರಿಗೂ ಎರಡು ಮೆಮರಿ ಕಾರ್ಡಿಗೂ ಜಾಗ ಮಾಡಿಟ್ಟಿದ್ದರು. ನೆಂಟರನ್ನು ಕರೆಯುವುದಾದರೆ ಹಾಗೆ ಕರೆಯಬೇಕು, ಚಪ್ಪಲಿ ಬಿಡುವುದಕ್ಕೂ ಜಾಗ ತೋರಿಸಿ.

ಮೈಕ್ರೋಸಾಫ್ಟಿನವರ ಗೇಮ್ ಯಂತ್ರ ಎಕ್ಸ್‌ಬಾಕ್ಸಿನದು ಇನ್ನೊಂದು ಕ್ರಮ. 2015ರಿಂದ ಎಕ್ಸ್‌ಬಾಕ್ಸ್ ಒನ್ನಿನಲ್ಲಿ ಅದರ ಹಿಂದಿನ ಎಕ್ಸ್‌ಬಾಕ್ಸ್ 360ರ ಎಷ್ಟೋ ಹಳೇ ಆಟಗಳು ನಡೆಯತೊಡಗಿದವು. ಆದರೆ ಡಿಸ್ಕು ಹಾಕಿದರೆ ಅದರಿಂದ ಆಟ ಓಡುವುದಿಲ್ಲ. ಇದು ನಿಮ್ಮ ಹತ್ತಿರ ಇದೆ ಅಂತ ಮುಖ ನೋಡಿಕೊಂಡು, ಹೊಸ ಯಂತ್ರಕ್ಕೆ ಹೊಂದುವ ಪ್ರತಿಯನ್ನು ಇಂಟರ್‌ನೆಟ್ಟಿನಿಂದ ಇಳಿಸಿಕೊಳ್ಳುತ್ತದೆ. ಡಿಸ್ಕು ಬರೀ ರೇಷನ್ ಕಾರ್ಡು. 2021ರ ನವೆಂಬರಿನಲ್ಲಿ ಕೊನೆಯ ಕಂತು ಸೇರಿಸಿ, ಇನ್ನು ತಾಂತ್ರಿಕ ಮತ್ತು ಪರವಾನಗಿ ಮಿತಿಗಳಿಂದ ಸಾಧ್ಯವಿಲ್ಲ ಅಂದರು. ಆಟಗಳಲ್ಲಿನ ಹಾಡು, ಕಾರು, ಆಟಗಾರರ ಹೆಸರು ಎಲ್ಲದಕ್ಕೂ ಇಷ್ಟು ವರ್ಷ ಅಂತ ಕರಾರಿರುತ್ತದೆ.

ಹೆಸರಿನ ಕಷ್ಟ ನಮಗೂ ಇತ್ತು. ಕ್ರಿಕೆಟ್ 07ರಲ್ಲಿ ಆಸ್ಟ್ರೇಲಿಯಾ, ಇಂಗ್ಲೆಂಡ್ ಆಟಗಾರರಿಗೆ ಮಾತ್ರ ಸ್ವಂತ ಹೆಸರು. ಭಾರತದವರಿಗೆಲ್ಲ ಯಾವುದೋ ತಿರುಚಿದ ಹೆಸರು. ಅದನ್ನು ತಿದ್ದಲು ನಾನೂ ತಮ್ಮನೂ ಒಂದು ಭಾನುವಾರ ಪೂರ್ತಿ ಕೂತಿದ್ದೆವು. ಕೀಬೋರ್ಡ್ ಇಲ್ಲ. ಒಂದೊಂದು ಇಂಗ್ಲಿಷ್ ಅಕ್ಷರಕ್ಕೂ ಕಂಟ್ರೋಲರಿನಲ್ಲಿ ಸುತ್ತಿ ಸುತ್ತಿ ಬರಬೇಕು. ದ್ರಾವಿಡ್, ಕುಂಬ್ಳೆ, ಉತ್ತಪ್ಪ ಮೊದಲು, ಉಳಿದ ಭಾರತ ಆಮೇಲೆ. ಉತ್ತಪ್ಪನಿಗೆ ಒಂದು 'ಪಿ' ಕಡಿಮೆ ಬಿತ್ತು. ಮತ್ತೆ ಶುರು ಮಾಡುವ ಶಕ್ತಿ ಇಬ್ಬರಿಗೂ ಇರಲಿಲ್ಲ.

2007ರ ಮಾರ್ಚ್ 17ಕ್ಕೆ ವಿಶ್ವಕಪ್ಪಿನಲ್ಲಿ ದ್ರಾವಿಡ್ ಟೀಮು ಬಾಂಗ್ಲಾದೇಶದ ಎದುರು 191ಕ್ಕೆ ಆಲ್‌ಔಟಾಗಿ ಐದು ವಿಕೆಟ್‌ಗಳಿಂದ ಸೋತಿತು. ಕೆಲವೇ ದಿನಗಳಲ್ಲಿ ಮನೆಗೂ ಬಂತು. ನಾವು ಬಿಡಲಿಲ್ಲ. ಪಿಎಸ್2ರಲ್ಲಿ ಆ ಪಂದ್ಯವನ್ನು ಮತ್ತೆ ಶುರು ಮಾಡಿದೆವು. ಟಾಸ್ ಸೋತು ನಾನು ಬಾಂಗ್ಲಾದೇಶ ಆಗಬೇಕಾಯಿತು. ನಡುವೆ ಅಮ್ಮ ಊಟಕ್ಕೆ ಕರೆದಳು, ಸೇವ್ ಮಾಡಿ ಎದ್ದೆವು. ಮಾರನೇ ದಿನ ನನಗೆ ಪರೀಕ್ಷೆ, ಆಮೇಲೆ ಬೆಂಗಳೂರು, ಕೆಲಸ.

"ನಂದೂ ಹಾಗೇ ಹೋಯ್ತಲ್ಲಪ್ಪಾ," ಅಂದ ಮಗ. ಹೋದ ವರ್ಷ ಒಂದು ಪಿಎಸ್4 ಆಟವನ್ನು ಪಿಎಸ್5 ಆವೃತ್ತಿಗೆ ಬದಲಾಯಿಸಿಕೊಂಡಾಗ ಹಳೇ ಸೇವ್ ಹೊಸದರಲ್ಲಿ ತೆರೆಯಲೇ ಇಲ್ಲ. ನಲವತ್ತು ಗಂಟೆ. ಅವತ್ತು ಊಟ ಬಿಟ್ಟು ಮಲಗಿದವನಿಗೆ ನಾನು 'ಆಟ ತಾನೇ, ಮತ್ತೆ ಆಡು' ಅಂದಿದ್ದೆ. ಈಗ ಬಿಸ್ಕತ್ತಿನ ಡಬ್ಬದ ಮುಚ್ಚಳ ಹಾಕುತ್ತಾ ಸುಮ್ಮನಿದ್ದೆ.

ವಿಜಯದಶಮಿ ರಾತ್ರಿ ಅಮ್ಮ ಒಂದು ಗೊಂಬೆಯನ್ನು ಮಲಗಿಸಿದಳು. ಮಾರನೇ ದಿನ ಎಲ್ಲ ಎತ್ತಿದ ಮೇಲೆ ಪಿಎಸ್2 ಕೈಗೆ ಬಂತು. ಪುಣ್ಯಕ್ಕೆ ಅಮ್ಮನ ಟಿವಿಯ ಹಿಂದೆ ಇನ್ನೂ ಹಳದಿ, ಬಿಳಿ, ಕೆಂಪು ತೂತುಗಳಿದ್ದವು. ಕಿವಿಗೆ ಹಾಕುವ ಹತ್ತಿಕಡ್ಡಿಯಿಂದ ಲೆನ್ಸ್ ಒರೆಸಿದೆ. ದೀಪ ಹಸಿರಾಯಿತು. ಒಳಗಿನ ಗಡಿಯಾರದ ಸೆಲ್ ಸತ್ತಿತ್ತು. ಅದರ ಪ್ರಕಾರ ಆವತ್ತು 2000ದ ಜನವರಿ.

ಮೊದಲು ಮಗ ಒಂದು ಸುಮ್ಮನೆ ಮ್ಯಾಚ್ ಆಡಿದ. ಪ್ರೇಕ್ಷಕರೆಲ್ಲ ರಟ್ಟಿನ ತುಂಡುಗಳು. ಮೂರು ಬಾಲಿಗೆ ಮೂರು ಸಲ ಬೌಲ್ಡ್. ಹೊಸ ಟಿವಿ ಚಿತ್ರ ತೋರಿಸುವುದು ಕಣ್ಣುರೆಪ್ಪೆ ಬಡಿಯುವಷ್ಟು ತಡ, ಬ್ಯಾಟ್ ಬೀಸುವ ಹೊತ್ತಿಗೆ ಸ್ಟಂಪ್ ಬಿದ್ದಿರುತ್ತದೆ ಅಂತ ನಾನು ಸಮಾಧಾನ ಹೇಳಿದೆ. ಟಿವಿಯಲ್ಲಿ ಗೇಮ್ ಮೋಡ್ ಹಾಕಿದ ಮೇಲೂ ಬೌಲ್ಡ್ ಆದ.

"ಮಾತಾಡ್ತಿರೋದು ಯಾರಪ್ಪಾ?"

"ರಿಚಿ ಬೆನೋ, ಆಸ್ಟ್ರೇಲಿಯಾದ ಕಾಮೆಂಟೇಟರ್. 2015ರಲ್ಲಿ ತೀರಿಕೊಂಡರು."

ಹಿಂದಕ್ಕೆ ಓಡಿಸುವ ಬಟನ್ ಇದರಲ್ಲಿ ಎಲ್ಲಿದೆ ಅಂತ ಹುಡುಕಿದ. ಇಲ್ಲ ಅಂದೆ. ಮತ್ತೆ ಆಡಿದ.

ಆಮೇಲೆ ಮೆಮರಿ ಕಾರ್ಡನ್ನು ಕಿಂಡಿಗೆ ಒತ್ತಿ, ಉಸಿರು ಹಿಡಿದು ಲೋಡ್ ಒತ್ತಿದೆ. ಬಂತು. ಭಾರತ 112ಕ್ಕೆ 3, 14 ಓವರ್. ಕ್ರೀಸಿನಲ್ಲಿ ದ್ರಾವಿಡ್, ಇನ್ನೊಂದು ತುದಿಯಲ್ಲಿ ಒಂದು 'ಪಿ' ಕಡಿಮೆ ಇರುವ ಉತ್ತಪ್ಪ. ಬಾಲು ನನ್ನ ಕೈಯಲ್ಲಿ.

ಫೋಟೋ ತೆಗೆದು ಪುಣೆಯಲ್ಲಿರುವ ತಮ್ಮನಿಗೆ ಕಳಿಸಿದೆ. ಏನು ಕಳಿಸಿದರೂ ಎರಡು ದಿನ ಬಿಟ್ಟು ಹೆಬ್ಬೆರಳು ತೋರಿಸುವ ಮನುಷ್ಯ ಅರ್ಧ ನಿಮಿಷದಲ್ಲಿ ಉತ್ತರ ಬರೆದ: "ಅಣ್ಣ ಬ್ಯಾಟಿಂಗ್ ನಂದು. ಮುಟ್ಬೇಡ. ಡಿಸೆಂಬರ್‌ಗೆ ಬರ್ತೀನಿ."

ಮುಟ್ಟದೆ ಆಫ್ ಮಾಡಿದೆ. ಇದನ್ನು ಇನ್ನು ಟ್ರಂಕಿಗೆ ಹಾಕಬೇಡ, ಬೀರುವಿನಲ್ಲಿ ಇಡು ಅಂತ ಅಮ್ಮನಿಗೆ ಹೇಳಿದೆ.

"ಇಡ್ತೀನಿ. ಮುಂದಿನ ವರ್ಷ ಹಲಗೆಗೆ ಏನು ಕೊಡಲಿ?" ಅಂತ ಅಮ್ಮ ಸುತ್ತ ನೋಡಿದಳು. ಕಣ್ಣು ಆ ಬಿಳಿ ಯಂತ್ರದ ಮೇಲೆ ನಿಂತಿತು. ಮಗ ಅದನ್ನು ಮೆಲ್ಲಗೆ ತೊಡೆಯ ಮೇಲೆ ಎಳೆದುಕೊಂಡ.