ಕಡುಬಿಗೂ ಚಂದ್ರನಿಗೂ ಆಗಿಬರುವುದಿಲ್ಲ

ಹೋಳಿಗೆ ಮಾಡಲು ನೆಂಟರು ಬಂದರೆ ಸಾಕು, ಪಾಯಸಕ್ಕೆ ಯಾರದಾದರೂ ಹುಟ್ಟುಹಬ್ಬ ಸಾಕು. ಕಡುಬಿಗೆ ಮಾತ್ರ ಚಂದ್ರನ ಅಪ್ಪಣೆ ಬೇಕು. ಆಷಾಢದ ಅಮಾವಾಸ್ಯೆಯ ಕಡುಬಿಗೆ ಅವನು ಇರಲೇಬಾರದು. ಭಾದ್ರಪದ ಶುಕ್ಲ ಚೌತಿಗೆ ಇರುತ್ತಾನೆ, ನಾವು ನೋಡಬಾರದು. ಹುಣ್ಣಿಮೆ ಕಳೆದು ಬರುವ ಸಂಕಷ್ಟಿಗೆ ನೋಡಲೇಬೇಕು, ನೋಡದೆ ಬಾಯಿಗೆ ಒಂದು ತುತ್ತೂ ಇಲ್ಲ. ಸರ್ಕಾರಿ ಕಚೇರಿಯಲ್ಲೂ ಒಂದೇ ಅರ್ಜಿಗೆ ಇಷ್ಟು ಸಲ ನಿಯಮ ಬದಲಾಗುವುದಿಲ್ಲ.

ಭೀಮನ ಅಮಾವಾಸ್ಯೆಯ ಕಡುಬಿಗೆ ನಮ್ಮ ಕಡೆ ಭಂಡಾರ ಎನ್ನುತ್ತಾರೆ. ಒಳಗೆ ಹೂರಣದ ಬದಲು ನಾಣ್ಯ. ಅಕ್ಕ ಅದನ್ನು ಹೊಸ್ತಿಲ ಮೇಲಿಟ್ಟರೆ ತಮ್ಮನಾದವನು ಮೊಣಕೈಯಲ್ಲಿ ಗುದ್ದಿ ಒಡೆಯಬೇಕು. ವ್ರತ ನಿಜಕ್ಕೂ ಭೀಮೇಶ್ವರನದು, ಅಂದರೆ ಶಿವನದು. ಆದರೆ ಮೊಣಕೈ ಎತ್ತಿದಾಗ ನೆನಪಾಗುವುದು ಗದೆಯವನೇ.

ಈ ಸಲ ಮೊದಲು ಎದುರಾದ ಸಮಸ್ಯೆ ನಾಣ್ಯದ್ದು. ಈಗ ಯಾರ ಮನೆಯಲ್ಲಿ ಚಿಲ್ಲರೆ ಇದೆ? ಅಂಗಡಿಯಲ್ಲಿ ಕೇಳಿದರೆ ಅವನು ಕ್ಯೂಆರ್ ಕೋಡಿನತ್ತ ಕೈ ತೋರಿಸಿದ. ಕೊನೆಗೆ ಅಕ್ಕನ ಮಗಳ ಹುಂಡಿಯಿಂದ, ವಾಪಸ್ ಕೊಡುವ ಷರತ್ತಿನ ಮೇಲೆ, ಹತ್ತು ರೂಪಾಯಿಯ ಒಂದು ನಾಣ್ಯ ಸಾಲ ಸಿಕ್ಕಿತು. ಅದರ ಭದ್ರತೆಗೆ ಅಕ್ಕ ಕಣಕವನ್ನು ದಪ್ಪಗೆ ಒತ್ತಿ ಕರಿದಿದ್ದಳು. ಮೊದಲ ಏಟಿಗೆ ಕಡುಬು ಅಲ್ಲಾಡಲಿಲ್ಲ, ನನ್ನ ಕಿರುಬೆರಳವರೆಗೂ ಜುಂ ಎಂದಿತು. ಭಾವ ಮೆಲ್ಲಗೆ, "ಕುಟ್ಟಾಣಿ ತರಲಾ?" ಅಂದರು. "ಶಾಸ್ತ್ರ ಕೆಡುತ್ತೆ. ಲೋ, ಇನ್ನೊಂದು ಸಲ ಸರಿಯಾಗಿ ಗುದ್ದೋ!" ಎಂದಳು ಅಕ್ಕ. ಗುದ್ದಿದೆ. ಕಡುಬು ಹಾಗೇ ಚಿಮ್ಮಿ ಚಪ್ಪಲಿ ಸ್ಟ್ಯಾಂಡಿನಡಿ ಸೇರಿತು. ಅದನ್ನು ಈಚೆಗೆ ತೆಗೆದು ಒಡೆದದ್ದು ಹೇಗೆಂದು ಭಾವನೂ ನಾನೂ ಯಾರಿಗೂ ಹೇಳಿಲ್ಲ.

ಇಷ್ಟಕ್ಕೂ ಚಂದ್ರನ ಜೊತೆಗಿನ ಜಗಳಕ್ಕೆ ಮೂಲವೇ ಕಡುಬು. ಗಣಪ ಹೊಟ್ಟೆ ಬಿರಿಯ ತಿಂದು ಇಲಿ ಏರಿ ಹೊರಟ. ಅಡ್ಡ ಬಂದ ಹಾವಿಗೆ ಇಲಿ ಬೆದರಿತು, ಸವಾರ ಬಿದ್ದ, ಹೊಟ್ಟೆ ಒಡೆದು ಕಡುಬೆಲ್ಲ ಚೆಲ್ಲಾಪಿಲ್ಲಿಯಾಯಿತು. ಅವನ್ನು ಆರಿಸಿ ಒಳಗೆ ತುಂಬಿಕೊಂಡು ಅದೇ ಹಾವನ್ನು ಹೊಟ್ಟೆಗೆ ಬಿಗಿಯುವಾಗ ಮೇಲಿಂದ ಚಂದ್ರ ನಕ್ಕ. ಚೌತಿಯ ದಿನ ನಿನ್ನನ್ನು ನೋಡಿದವರಿಗೆ ಕಳ್ಳತನದ ಅಪವಾದ ಬರಲಿ ಎಂದು ಶಾಪ ಸಿಕ್ಕಿತು. ನಕ್ಕವನು ಅವನು, ಅಪವಾದ ನೋಡಿದವರಿಗೆ! ಈ ತೀರ್ಪಿನ ಬಗ್ಗೆ ನನಗೆ ಮೊದಲಿಂದಲೂ ತಕರಾರಿದೆ.

ಚೌತಿಯ ಚಂದ್ರ ಸಂಜೆ ಪಶ್ಚಿಮದಲ್ಲಿ ಸಣ್ಣಗೆ ಕಾಣಿಸಿಕೊಂಡು ಒಂಬತ್ತರ ಆಸುಪಾಸಿಗೆ ಮುಳುಗುತ್ತಾನೆ. ನಮ್ಮ ಬಾಲ್ಕನಿ ಇರುವುದೂ ಪಶ್ಚಿಮಕ್ಕೇ. ಸೂರ್ಯಾಸ್ತ ಕಾಣುತ್ತದೆಂದು ಬ್ರೋಕರ್ ಅದಕ್ಕೆ ಬಾಡಿಗೆ ಏರಿಸಿದ್ದ. ಆ ಸಂಜೆ ಪರದೆ ಎಳೆದು ಮನೆಯಲ್ಲಿ ಕರ್ಫ್ಯೂ ಜಾರಿಯಾಯಿತು. ಒಣಗಿದ ಬಟ್ಟೆ ತರಲು ಹೊರಟ ನನಗೆ ಅಮ್ಮನ ಆಜ್ಞೆ: "ಬೆನ್ನು ತಿರುಗಿಸಿಕೊಂಡು ಹೋಗು." ಹಿಮ್ಮುಖವಾಗಿ ನಡೆದೆ. ಬಕೆಟ್ ಸಿಕ್ಕಿತು. ಎಡವಿ, ಅರ್ಧ ಸುತ್ತು ತಿರುಗಿ, ಕುಕ್ಕರುಬಡಿದು ತಲೆ ಎತ್ತಿದರೆ ಗ್ರಿಲ್ ಕಂಬಿಗಳ ನಡುವೆ ಅವನೇ. ನಗುತ್ತಿದ್ದ, ಸಂಶಯವೇ ಇಲ್ಲ. ಶಾಪ ಕೊಡುವ ಅಧಿಕಾರ ನನಗಿರಲಿಲ್ಲ.

"ಏಟಾಯ್ತೇನ್ರೀ?" ಎಂದು ನನ್ನವಳು ಕೇಳುವ ಮೊದಲೇ ಅಮ್ಮ, "ನೋಡಿಬಿಟ್ಟೆಯೇನೋ?" ಅಂದಳು. ಸೊಂಟಕ್ಕೆ ಐಸ್ ಇಟ್ಟು ಮಲಗಿಸಿ ಸ್ಯಮಂತಕ ಮಣಿಯ ಕಥೆಯನ್ನು ಪೂರ್ತಿ ಕೇಳಿಸಿದರು. ಆದರೂ ಮರುದಿನ ಅಪಾರ್ಟ್‌ಮೆಂಟಿನ ವಾಟ್ಸಾಪ್ ಗುಂಪಿನಲ್ಲಿ, ಬಾಗಿಲಲ್ಲಿಟ್ಟ ಹಾಲಿನ ಪ್ಯಾಕೆಟ್ ಕಾಣೆಯೆಂದೂ, ಎರಡನೇ ಮಹಡಿಯ ಅಂಕಲ್ ಬೆಳಗ್ಗೆ ಅಲ್ಲೇ ಕುಂಟುತ್ತ ಓಡಾಡುತ್ತಿದ್ದರೆಂದೂ ಸಂದೇಶ ಬಂತು. ಹಾಲಿನ ಹುಡುಗ ಆ ದಿನ ಪ್ಯಾಕೆಟ್ ಹಾಕಿಯೇ ಇರಲಿಲ್ಲವೆಂದು ತಿಳಿಯುವಾಗ ಮಧ್ಯಾಹ್ನವಾಗಿತ್ತು. ಅಮ್ಮನ ಮುಖದಲ್ಲಿ ನನಗಾಗಿ ಮರುಕಕ್ಕಿಂತ ಶಾಸ್ತ್ರ ಗೆದ್ದ ಕಳೆಯೇ ಹೆಚ್ಚಿತ್ತು. "ಶ್ರೀಕೃಷ್ಣನನ್ನೇ ಬಿಡಲಿಲ್ಲ, ನೀನ್ಯಾವ ಲೆಕ್ಕ ಕಣೋ!"

ಹುಣ್ಣಿಮೆ ಕಳೆದು ಸಂಕಷ್ಟಿ ಬಂತು. ಚಂದ್ರ ದಿನಕ್ಕೆ ಸರಾಸರಿ 50 ನಿಮಿಷ ತಡವಾಗಿ ಹುಟ್ಟುವ ಆಸಾಮಿ. ಹೀಗಾಗಿ ಸಂಕಷ್ಟಿಯ ಊಟ ಒಂಬತ್ತರ ಆಸುಪಾಸಿಗೆ ಹೋಗುತ್ತದೆ. ಮಂಗಳೂರಿನಲ್ಲಿ ಇನ್ನೂ ಹತ್ತು ನಿಮಿಷ ತಡ. ಉಪವಾಸವಿರುವ ಅಲ್ಲಿನ ಅತ್ತಿಗೆ ಬೆಂಗಳೂರಿನವರ ಮೇಲೆ ಹಲ್ಲು ಮಸೆಯುವುದು ಇದೇ ಕಾರಣಕ್ಕೆ. ಆದರೆ ಕ್ಯಾಲೆಂಡರಿನವರಿಗೆ ನಮ್ಮ ಪೂರ್ವಕ್ಕೆ ಏಳುತ್ತಿರುವ ಕಟ್ಟಡ ಗೊತ್ತಿಲ್ಲ. ಅದನ್ನು ದಾಟಿ ಬರಲು ಚಂದ್ರನಿಗೆ ಮುಕ್ಕಾಲು ಗಂಟೆ ಹೆಚ್ಚುವರಿ ಬೇಕು. ಅದಕ್ಕೇ ಎಲ್ಲರೂ ಟೆರೇಸಿಗೆ ಹೊರಟೆವು. ಟೆರೇಸಿಗೆ ಬೀಗ, ಬೀಗದಕೈ ವಾಚ್‌ಮನ್ ಹತ್ತಿರ, ವಾಚ್‌ಮನ್ ಊಟಕ್ಕೆ. ಬೆಳಗಿನಿಂದ ಸಬ್ಬಕ್ಕಿಯ ಮೇಲಿದ್ದ ಜನರೆದುರು ಊಟ ಎಂಬ ಶಬ್ದವನ್ನು ಆಡಬಾರದಿತ್ತು.

ಬಾಗಿಲು ತೆರೆದಾಗ ಮೇಲೆ ಮೋಡ. ಅಷ್ಟರಲ್ಲಿ ಮೂರನೇ ಮಹಡಿಯ ಆಂಟಿ "ಅಗೋ!" ಎಂದರು. ಕಟ್ಟಡದ ನೆತ್ತಿಯಲ್ಲಿ ಮಸುಕು ಹಳದಿ ಬೆಳಕು. ಸಾಲಾಗಿ ಎಲ್ಲರೂ ಹಾಲಿನ ಅರ್ಘ್ಯ ಬಿಟ್ಟು, ಅಕ್ಷತೆ ಹಾಕಿ, ಕೈಮುಗಿದರು. ಮುಗಿದ ಕೈ ಇಳಿಯುವ ಮೊದಲೇ ಚಂದ್ರ ಸರ್ರನೆ ಎಡಕ್ಕೆ ಹೊರಳಿ ಒಂದು ಸಿಮೆಂಟ್ ಚಪ್ಪಡಿ ಎತ್ತಿಕೊಂಡ. ಕ್ರೇನಿನ ದೀಪ!

"ಅರ್ಘ್ಯ ಬಿಟ್ಟಾಯ್ತಲ್ಲ, ನಡೀತದೆ" ಎಂದು ಒಂದು ಬಣ. "ಇನ್ನೊಂದು ಲೋಟ ಹಾಲು ತಾರೋ" ಎಂದಳು ಅಮ್ಮ. ನಿಜವಾದವನು ಮೋಡದಿಂದ ಕಣ್ಣು ಬಿಟ್ಟದ್ದು ಹತ್ತರ ಮೇಲೆ.

ಕೆಳಗೆ ಬಂದಾಗ ನೈವೇದ್ಯದ ಕಡುಬುಗಳು ತಣ್ಣಗಾಗಿ, ಕೆಲವು ಬಾಯಿಬಿಟ್ಟು ಬೆಲ್ಲ ಸುರಿಸುತ್ತಿದ್ದವು. ಲೆಕ್ಕಕ್ಕೆ 21 ಇರಬೇಕು. ಅಮ್ಮ ಎಣಿಸಿದಳು, ಹದಿನೇಳು. ಎಲ್ಲರ ಕಣ್ಣೂ ನನ್ನ ಮೇಲೆ.

"ಚೌತಿಯ ದೋಷ ಇನ್ನೂ ಇಳಿದಿಲ್ಲ" ಎಂದಳು ಅಮ್ಮ. "ನಾನು ಮೇಲೇ ಇದ್ದೆ ಕಣಮ್ಮ, ಬೇಕಾದರೆ ಇವನನ್ನು ಕೇಳು" ಎಂದು ಹಿಂದೆಯೇ ನಿಂತಿದ್ದ ಮಗನನ್ನು ಮುಂದಕ್ಕೆ ತಂದೆ. ಅವನು ಕೆನ್ನೆ ಉಬ್ಬಿಸಿಕೊಂಡು, ಬಾಯಿ ತೆರೆಯದೆ, ಎಲ್ಲದಕ್ಕೂ ತಲೆಯಾಡಿಸಿದ.