ಮುತ್ತಿಗೆ ಕತ್ತರಿ, ಮುತ್ತಿಗೆಗೆ ಸೀಟಿ

33 ಸೆಕೆಂಡ್. 2025ರ ಜುಲೈನಲ್ಲಿ ತೆರೆಕಂಡ ಸೂಪರ್‌ಮ್ಯಾನ್ ಸಿನಿಮಾದಿಂದ ಸೆನ್ಸಾರ್ ಮಂಡಳಿಯವರು ಕತ್ತರಿಸಿ ತೆಗೆದ ಮುತ್ತಿನ ಅಳತೆ ಇದು. ಕಥೆ ನಿಮಗೆಲ್ಲ ಗೊತ್ತು, ಮತ್ತೆ ಹೇಳಲ್ಲ. ನನಗೆ ಕುತೂಹಲ ಇರೋದು ಅಳತೆ ಹಾಕಿದವರ ಬಗ್ಗೆ. ಯಾವುದೋ ಎಸಿ ಕೋಣೆಯಲ್ಲಿ ಹಿರಿಯರೊಬ್ಬರು ಕನ್ನಡಕ ಸರಿಮಾಡಿಕೊಂಡು, ಗಡಿಯಾರ ನೋಡುತ್ತ, ‘ಇಲ್ಲಿವರೆಗೆ ಪ್ರೀತಿ, ಇಲ್ಲಿಂದ ಮುಂದೆ ಅಸಭ್ಯ’ ಎಂದು ಗೆರೆ ಎಳೆದಿರಬೇಕಲ್ವಾ? ಆ ಗೆರೆ ಸಿಗಬೇಕಾದರೆ ಎಷ್ಟು ಸಲ ಹಿಂದಕ್ಕೆ ಓಡಿಸಿ ನೋಡಿರಬೇಕು! ದೇಶಕ್ಕಾಗಿ ಇಂಥ ಕಷ್ಟ ಪಡುವವರಿಗೆ ನಾವು ಒಂದು ಶಾಲನ್ನೂ ಹೊದಿಸಿಲ್ಲ.

2015ರಲ್ಲಿ ಬಾಂಡ್‌ಗೂ ಹೀಗೇ ಆಗಿತ್ತು. ಸ್ಪೆಕ್ಟರ್ ಚಿತ್ರದಲ್ಲಿ ಅವನ ಮುತ್ತನ್ನು ಅರ್ಧಕ್ಕೆ ಇಳಿಸಿದರು. ಕೊಲ್ಲಲು ಪೂರ್ತಿ ಲೈಸೆನ್ಸ್ ಇರುವ ಮನುಷ್ಯನಿಗೆ ಮುತ್ತು ಕೊಡಲು ಅರ್ಧ ಲೈಸೆನ್ಸ್. ಅವನು ಎಷ್ಟು ಜನರನ್ನು ಕೊಂದ ಎಂದು ಯಾರೂ ಲೆಕ್ಕ ಇಡಲಿಲ್ಲ. ಅದರಲ್ಲಿ ಅರ್ಧ ಜನರನ್ನು ಬದುಕಿಸಿಕೊಡಿ ಅಂತಲೂ ಕೇಳಲಿಲ್ಲ.

ಹಳೇ ಸಿನಿಮಾದವರಿಗೆ ಈ ತಲೆನೋವೇ ಇರಲಿಲ್ಲ. ಇಬ್ಬರ ಮುಖ ಹತ್ತಿರ ಬಂತು ಅಂದರೆ ಕ್ಯಾಮೆರಾ ತಾನಾಗಿಯೇ ನಾಚಿಕೊಂಡು ತೋಟದ ಕಡೆ ತಿರುಗುತ್ತಿತ್ತು. ಎರಡು ಹೂವು ಒಂದಕ್ಕೊಂದು ತಾಗುತ್ತಿದ್ದವು. ಮುಂದಿನ ಸೀನಿನಲ್ಲಿ ನಾಯಕಿಗೆ ಹುಣಸೆಕಾಯಿ ಬೇಕಾಗುತ್ತಿತ್ತು. ಚಿಕ್ಕಂದಿನಲ್ಲಿ ನಮಗೆಲ್ಲ ದಾಸವಾಳದ ಬಗ್ಗೆ ಏನೇನೋ ಅನುಮಾನ.

ಸೆನ್ಸಾರ್‌ನವರ ಮೇಲೆ ನನಗೆ ಸಿಟ್ಟಿಲ್ಲ ನೋಡಿ, ಗೌರವ ಇದೆ. ಯಾಕೆಂದರೆ ಯಾವುದನ್ನು ಬಿಡಬೇಕು ಅನ್ನುವುದೂ ಅವರಿಗೆ ಚೆನ್ನಾಗಿ ಗೊತ್ತು. ನಾಯಕಿ ‘ಬೇಡ’ ಅಂತಾಳೆ. ಹೀರೋ ಕಾಲೇಜಿಗೆ ಬರುತ್ತಾನೆ. ಬಸ್ ಸ್ಟ್ಯಾಂಡಿಗೆ ಬರುತ್ತಾನೆ. ಮನೆ ಮುಂದೆ ಬೈಕ್ ಗುರ್ ಅನ್ನಿಸುತ್ತಾನೆ. ಜತೆಗೆ ನಾಲ್ಕು ಜನ ಗೆಳೆಯರು, ಅವರಿಗೆ ಬೇರೆ ಉದ್ಯೋಗ ಇಲ್ಲ. ಅವಳು ಕೆನ್ನೆಗೆ ಬಾರಿಸಿದರೆ ಇವನು ಕೆನ್ನೆ ಸವರಿಕೊಂಡು ನಗುತ್ತಾನೆ. ತಕ್ಷಣ ಸ್ವಿಟ್ಜರ್ಲೆಂಡಿನಲ್ಲಿ ಹಾಡು. ಇದಕ್ಕೆ ಕತ್ತರಿ ಇಲ್ಲ, ಸೀಟಿ ಇದೆ.

ಹೊರಗೆ ಇದೇ ಕೆಲಸಕ್ಕೆ ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಂ ಇದೆ. ಬೇಡ ಅಂದ ಹೆಣ್ಣಿನ ಹಿಂದೆ ಬಿದ್ದರೆ ಮೊದಲ ಸಲಕ್ಕೆ 3 ವರ್ಷದವರೆಗೆ ಜೈಲು. 2013ರಲ್ಲೇ ಐಪಿಸಿಯಲ್ಲಿ ಬಂದಿದ್ದ ಅಪರಾಧ ಇದು. ಹೆಂಗಸರನ್ನು ಕೀಳಾಗಿ ತೋರಿಸಬಾರದು ಅಂತ ಸೆನ್ಸಾರ್‌ನ 1991ರ ನಿಯಮಾವಳಿಯೂ ಹೇಳುತ್ತದೆ. ಹೀರೋ ಸಿಗರೇಟ್ ಹಚ್ಚಿದರೆ ಕೆಳಗೆ ಎಚ್ಚರಿಕೆಯ ಅಕ್ಷರ ಬರುತ್ತದೆ. ಹುಡುಗಿಯ ದುಪಟ್ಟಾ ಎಳೆದರೆ ಪೀಪಿ ಊದುವ ಸಂಗೀತ ಬರುತ್ತದೆ.

ಇತ್ತೀಚೆಗೆ ನಮ್ಮ ವಿಜಯಪುರಕ್ಕೆ ಒಂದು ಸಣ್ಣ ಸಿನಿಮಾ ಬಂದಿತ್ತು. ಹೆಸರು ಬೇಡ, ಅದರ ನಿರ್ಮಾಪಕರಿಗೆ ಈಗಾಗಲೇ ಸಾಕಷ್ಟು ದುಃಖ ಇದೆ. ಅದರಲ್ಲೊಂದು ಸೀನು. ಅವಳು ಒಳಗೆ ಯಾರದೋ ಜತೆ ಮಾತಾಡುತ್ತಿದ್ದಾಳೆ. ಹೊರಗೆ ಮಳೆ ಶುರುವಾಗುತ್ತದೆ. ಅಂಗಳದಲ್ಲಿ ಅವಳ ಚಪ್ಪಲಿ. ಒಂದರ ಉಂಗುಷ್ಟ ಕಿತ್ತು ಪಿನ್ನು ಹಾಕಿದೆ. ಇವನು ಬರುತ್ತಾನೆ, ಎರಡನ್ನೂ ಎತ್ತಿ ಕಟ್ಟೆಯ ಮೇಲೆ ಒಣ ಜಾಗದಲ್ಲಿ ಇಡುತ್ತಾನೆ. ಪಿನ್ನಿನ ಮೊನೆ ಕಾಲಿಗೆ ತಾಗದಂತೆ ಒಳಗೆ ಮಡಚುತ್ತಾನೆ. ಹೋಗುತ್ತಾನೆ. ಅಷ್ಟೇ. ಡೈಲಾಗ್ ಇಲ್ಲ, ವಯೊಲಿನ್ ಇಲ್ಲ. ಅವಳು ಹೊರಗೆ ಬಂದು ಚಪ್ಪಲಿ ಹುಡುಕುತ್ತಾಳೆ, ಕಟ್ಟೆಯ ಮೇಲೆ ನೋಡುತ್ತಾಳೆ, ಆಮೇಲೆ ಖಾಲಿ ರಸ್ತೆ ನೋಡುತ್ತಾಳೆ.

ನನಗೆ ಗಂಟಲು ಕಟ್ಟಿತ್ತು. ಹಿಂದಿನ ಸಾಲಿನಿಂದ ದನಿ ಬಂತು: ‘ಏನಪಾ ಇದು, ಚಪ್ಪಲ್ ಅಂಗಡಿ ಅಡ್ವಟೈಜ್ ಏನ?’

ಥಿಯೇಟರೆಲ್ಲ ನಕ್ಕಿತು. ಥಿಯೇಟರ್ ಅಂದರೆ ಬೆರಳಲ್ಲಿ ಎಣಿಸುವಷ್ಟು ಜನ. ‘ಲಗೂ ಹೇಳಲೇ ಮಗನ, ಬಸ್ ಹೋಗತೈತಿ’ ಎಂದ ಇನ್ನೊಬ್ಬ. ಮತ್ತೊಬ್ಬರು ಫೋನಿನಲ್ಲಿ ಕಬ್ಬಿನ ಬಾಕಿ ಬಿಲ್ಲಿನ ಬಗ್ಗೆ ಮಾತಾಡುತ್ತಿದ್ದರು. ಅವರ ದನಿಯಲ್ಲಿ ಮಾತ್ರ ನಿಜವಾದ ವಿರಹ ಇತ್ತು.

ಮಜಾ ಏನೆಂದರೆ, ಬಾಯಿಬಿಟ್ಟು ಹೇಳದೆ ಪ್ರೀತಿಸುವುದು ನಮ್ಮವರಿಗೆ ಗೊತ್ತಿಲ್ಲದ ವಿದ್ಯೆ ಅಲ್ಲ. ನಮ್ಮ ಕಡೆ ಮದುವೆಯಲ್ಲಿ ಗಂಡನ ಹೆಸರು ಕೇಳಿ ನೋಡಿ. ಮದುವಣಗಿತ್ತಿ ಸುಮ್ಮನೆ ಹೇಳುವುದಿಲ್ಲ, ಒಡಪು ಹಾಕುತ್ತಾಳೆ. ಎರಡು ಸಾಲಿನ ಪ್ರಾಸ, ನಡುವೆ ಹೆಸರು ಬಂದಂತೆ ಮಾಡಿ ಜಾರಿಸಿಬಿಡುವುದು. ನಮ್ಮ ದೊಡ್ಡವ್ವನ ಒಡಪು ಹೀಗಿತ್ತು: ‘ಗುಮ್ಮಟ ಏರಾಕ ಏಳ ಅಂತಸ್ತ, ಇಂಥವರು ಜೋಡಿದ್ರ ಎಲ್ಲೀದು ಸುಸ್ತ.’ ‘ಇಂಥವರು’ ಇರುವಲ್ಲಿ ನಿಮ್ಮ ಯಜಮಾನರ ಹೆಸರು ಹಾಕಿಕೊಳ್ಳಿ. ದೊಡ್ಡಪ್ಪನ ಹೆಸರು ಪೇಪರಿನಲ್ಲಿ ಬಂದರೆ ದೊಡ್ಡವ್ವ ನನ್ನ ಕಾಲು ಮುರಿಯುತ್ತಾಳೆ. ಆ ದೊಡ್ಡಪ್ಪ ಜೀವನದಲ್ಲಿ ಅವಳಿಗೆ ಒಂದು ಹೂವು ತಂದುಕೊಟ್ಟಿದ್ದು ನಾನು ನೋಡಿಲ್ಲ. ಆದರೆ ಸಂತೆಯಿಂದ ಬಂದವರು ಚೀಲ ಇಳಿಸಿ ‘ಎಲಿ ಚಲೋ ಬಂದಾವು’ ಅನ್ನುತ್ತಿದ್ದರು. ಎಲೆ ಅಡಿಕೆ ಹಾಕುತ್ತಿದ್ದವಳು ದೊಡ್ಡವ್ವ ಒಬ್ಬಳೇ. ಅವರಿಗೆ ತಂಬಾಕಿನ ವಾಸನೆಯೂ ಆಗುತ್ತಿರಲಿಲ್ಲ.

ಇನ್ನು ಬಾದಾಮಿಗೆ ಹೋಗಿ. 578ರಲ್ಲಿ ಕೊರೆದ ಮೂರನೇ ಗುಹೆಯಲ್ಲಿ ಕಂಬದ ಮೇಲ್ಗಡೆ ಜೋಡಿಗಳು ಒಬ್ಬರಿಗೊಬ್ಬರು ಒರಗಿ ನಿಂತಿದ್ದಾರೆ. 33 ಸೆಕೆಂಡ್ ಅಲ್ಲ, ಸಾವಿರದ ನಾನೂರು ವರ್ಷ ದಾಟಿತು. ದಯವಿಟ್ಟು ಮಂಡಳಿಯವರಿಗೆ ಯಾರೂ ಹೇಳಬೇಡಿ.

ದೊಡ್ಡವ್ವನ ಒಡಪಿನಲ್ಲಿ ನಮ್ಮೂರ ಗೋಳಗುಮ್ಮಟದ ಮಾತು ಬಂತಲ್ಲ, ಅದನ್ನೂ ಹೇಳಿಬಿಡುತ್ತೇನೆ. 1656ರಲ್ಲಿ ತೀರಿಕೊಂಡ ಮುಹಮ್ಮದ್ ಆದಿಲ್ ಶಾಹನ ಗೋರಿ ಅದು. ಅವನ ಜತೆ ಬೇಗಂರೂ ಇದ್ದಾರೆ, ಮೆಚ್ಚಿನ ರಂಭೆಯೂ ಇದ್ದಾಳೆ. ಎಲ್ಲರೂ ಒಂದೇ ಸೂರಿನಡಿ. ಇವತ್ತಿನ ಸೀರಿಯಲ್‌ನವರಿಗೆ ಎರಡು ವರ್ಷದ ಕಥೆ. ಮೇಲಿನ ಗ್ಯಾಲರಿಯಲ್ಲಿ ಗೋಡೆಗೆ ಬಾಯಿ ಹಚ್ಚಿ ಪಿಸುಗುಟ್ಟಿದರೆ ಸಾಕು, ದನಿ ಗೋಡೆಯ ಬಾಗು ಹಿಡಿದು ಸರಿಯುತ್ತ ಎದುರು ಬದಿ ನಿಂತವರ ಕಿವಿಗೆ ಮುಟ್ಟುತ್ತದೆ. ಪ್ರೇಮಿಗಳಿಗೆ ಇದಕ್ಕಿಂತ ಒಳ್ಳೇ ಜಾಗ ಕರ್ನಾಟಕದಲ್ಲೇ ಇಲ್ಲ. ಆದರೆ ನಮ್ಮವರು ಏಳು ಅಂತಸ್ತು ಏದುಸಿರು ಬಿಡುತ್ತ ಹತ್ತಿ ಅಲ್ಲಿ ಏನು ಮಾಡುತ್ತಾರೆ? ‘ಓಓಓಯ್!’ ಅಂತ ಕಿರುಚುತ್ತಾರೆ. ಅದು ಏಳೆಂಟು ಸಲ ಮರಳಿ ಬರುತ್ತದೆ. ಪ್ರವಾಸಕ್ಕೆ ಬಂದ ಶಾಲೆಯ ಮಕ್ಕಳು ಕಿರುಚುತ್ತಾರೆ, ಸುಮ್ಮನಿರಿ ಅಂತ ಮೇಷ್ಟ್ರು ಕಿರುಚುತ್ತಾರೆ, ಮೇಷ್ಟ್ರನ್ನು ಸುಮ್ಮನಾಗಿಸಲು ಕಾವಲಿನವನು ಸೀಟಿ ಊದುತ್ತಾನೆ. ಆ ಸೀಟಿಯೂ ಏಳೆಂಟು ಸಲ. ಈ ಗದ್ದಲದಲ್ಲಿ ಒಬ್ಬ ಹುಡುಗ ಗೋಡೆಗೆ ಕಿವಿ ಕೊಟ್ಟು, ಎದುರಿನ ಹುಡುಗಿ ಹೇಳಿದ್ದು ಕೇಳದೆ ‘ಏನಂದಿ? ಏನಂದಿ?’ ಎನ್ನುತ್ತಿದ್ದುದನ್ನು ನಾನೇ ನೋಡಿದ್ದೇನೆ. ಅವಳು ಏನಂದಳೋ, ಕೊನೆಗೆ ಸಿಟ್ಟಾಗಿ ಇಳಿದು ಹೋದಳು.

ಇನ್ನು ಕೆಲವರು ಮೊಳೆಯಿಂದ ಕಲ್ಲಿನ ಮೇಲೆ ಹೆಸರು ಕೆತ್ತುತ್ತಾರೆ. ಸ್ಮಾರಕ ಹಾಳು ಮಾಡಿದರೆ 2 ವರ್ಷದವರೆಗೆ ಜೈಲು ಅಥವಾ 1 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಹೆಸರು ಬರೆದಿಟ್ಟು ಹೋದ ಆರೋಪಿಗಳನ್ನೂ ಹಿಡಿಯಲಾಗದ ದೇಶ ನಮ್ಮದು.

ಸುಮ್ನೆ ನಗಿಸಿ ಮುಗಿಸಬೇಕು ಅಂದುಕೊಂಡಿದ್ದೆ. ಆಗುತ್ತಿಲ್ಲ. ತೆರೆಯ ಮೇಲೆ ಹುಡುಗ ಹಿಂದೆ ಬಿದ್ದರೆ ಹಾಡು ಬರುತ್ತದೆ. ನಮ್ಮೂರ ಓಣಿಯಲ್ಲಿ ಹಿಂದೆ ಬಿದ್ದರೆ ಹುಡುಗಿಯ ಕಾಲೇಜು ನಿಲ್ಲುತ್ತದೆ. ಅವನನ್ನು ಯಾರೂ ಕೇಳುವುದಿಲ್ಲ. ‘ನೀ ಯಾಕ ನಕ್ಕಿದ್ದಿ?’ ಅಂತ ಅವಳನ್ನೇ ಕೇಳುತ್ತಾರೆ. ಎರಡು ತಿಂಗಳಲ್ಲಿ ಮಾವನ ಮಗನ ಜತೆ ಮದುವೆ. ಅದು ಒಂದು ಕಡೆ. ಇನ್ನೊಂದು ಕಡೆ, ಇದೇ ನಮ್ಮ ಜಿಲ್ಲೆಗಳಲ್ಲಿ ಬೇರೆ ಜಾತಿಯವರನ್ನು, ಬೇರೆ ಧರ್ಮದವರನ್ನು ಪ್ರೀತಿಸಿದ್ದಕ್ಕೆ ಮಕ್ಕಳನ್ನು ಮನೆಯವರೇ ಕೊಂದಿದ್ದಾರೆ. ನೀವೂ ಪೇಪರಿನಲ್ಲಿ ಓದಿದ್ದೀರಿ. ಅವರು ನಡುರಸ್ತೆಯಲ್ಲಿ ಕುಣಿದಿರಲಿಲ್ಲ. ಜೀವಭಯದಲ್ಲಿ, ಯಾರಿಗೂ ಕೇಳಿಸದ ಹಾಗೆ ಪ್ರೀತಿಸಿದ್ದರು. ಆದರೂ ಬಿಡಲಿಲ್ಲ. ಆ ಸುದ್ದಿ ಬಂದ ದಿನ ಸಂಸ್ಕೃತಿ ಕಾಯುವವರು ಯಾರೂ ಗಡಿಯಾರ ಹಿಡಿದು ಬರಲಿಲ್ಲ. ಇವರಿಗೆ 33 ಸೆಕೆಂಡ್ ಮುತ್ತಿನದೇ ಚಿಂತೆ. ಸಾಕಾಗಿದೆ.

ಆ ಚಪ್ಪಲಿ ಸಿನಿಮಾವನ್ನು ಮನೆಯವಳಿಗೂ ತೋರಿಸೋಣ ಅಂತ ವಾರದ ಕೊನೆಗೆ ಮತ್ತೆ ಥಿಯೇಟರಿಗೆ ಹೋದೆ. ಪೋಸ್ಟರ್ ಬದಲಾಗಿತ್ತು. ಹೊಸ ಹೀರೋ, ಕೈಯಲ್ಲಿ ಮಚ್ಚು, ಹಿಂದೆ ಸಣ್ಣದಾಗಿ ಹೀರೋಯಿನ್ನು.

‘ಅದು ತಗದೇವ್ರಿ ಕಾಕಾ, ಮಂದಿನ ಬರವಲ್ರು’ ಎಂದ ಟಿಕೆಟ್ ಕೊಡುವ ಹುಡುಗ. ನಮ್ಮಿಬ್ಬರ ಮುಖ ನೋಡಿ ಪಾಪ ಅನ್ನಿಸಿರಬೇಕು, ಸಮಾಧಾನವನ್ನೂ ಹೇಳಿದ: ‘ಇದ ನೋಡ್ರಿ, ಇದರಾಗೂ ಭಾಳ ಲವ್ ಐತಿ. ಆರ್ ಫೈಟ್ ಅದಾವ್ರಿ!’